ಇನಿಶ್‌ಮೋರ್ ದ್ವೀಪದ ಒಂದು ಹಿಡಿ ಮಣ್ಣು

ಐರ್ಲೆಂಡಿನ ರೊಸವೀಲ್ ಬಂದರಿನಿಂದ ಫೆರ್ರಿ ಹತ್ತಿದರೆ ಮುಕ್ಕಾಲು ಗಂಟೆಯೊಳಗೆ ಇನಿಶ್‌ಮೋರ್. ಅರನ್ ದ್ವೀಪಗಳು ಮೂರು, ಅದರಲ್ಲಿ ಇದೇ ದೊಡ್ಡದು. ಇಳಿದ ತಕ್ಷಣ ಬಾಡಿಗೆ ಸೈಕಲ್ ತಗೊಂಡೆ. ಎಲ್ಲರೂ ಡೂನ್ ಎಂಗಸ್ ಕೋಟೆ ನೋಡಲು ಹೊರಟರು, ನನಗೆ ಮಾತ್ರ ಮೊದಲು ಹೊಲ ನೋಡಬೇಕಿತ್ತು.

ಕಾರಣ 1934ರ 'ಮ್ಯಾನ್ ಆಫ್ ಅರನ್'. ರಾಬರ್ಟ್ ಫ್ಲಾಹರ್ಟಿ ಇಲ್ಲೇ ಬಂದು ನೆಲೆಸಿ ತೆಗೆದ ಚಿತ್ರ. ಅದರಲ್ಲಿ ಗಂಡ ಬಂಡೆ ಒಡೆಯುತ್ತಾನೆ, ಹೆಂಡತಿ ಕಡಲಪಾಚಿ ಹೊತ್ತು ತರುತ್ತಾಳೆ, ಬಂಡೆ ಬಿರುಕಿನಲ್ಲಿ ಸಿಕ್ಕ ಮಣ್ಣನ್ನು ಕೈಯಿಂದಲೇ ಬಾಚಿ ಪಾಚಿಯ ಜೊತೆ ಹರಡಿ ಆಲೂಗಡ್ಡೆಗೆ ನೆಲ ಮಾಡುತ್ತಾರೆ. ನೋಡಿದಾಗಿನಿಂದ ಆ ದೃಶ್ಯ ನನ್ನನ್ನು ಬಿಟ್ಟಿಲ್ಲ.

ಆ ಕುಟುಂಬ ನಿಜವಾದ ಕುಟುಂಬ ಅಲ್ಲ. ಗಂಡ, ಹೆಂಡತಿ, ಮಗ ಮೂವರೂ ಊರಿನವರೇ, ಆದರೆ ಮುಖ ನೋಡಿ ಬೇರೆ ಬೇರೆ ಮನೆಗಳಿಂದ ಆರಿಸಿದವರು. ಈಟಿ ಎಸೆದು ದೊಡ್ಡ ಶಾರ್ಕ್ ಹಿಡಿಯುವುದು ಆ ಹೊತ್ತಿಗೆ ನಿಂತು ಎಷ್ಟೋ ದಶಕಗಳಾಗಿತ್ತು, ಚಿತ್ರಕ್ಕಾಗಿ ಜನ ಮತ್ತೆ ಕಲಿತರು. ಅಲೆಗಳು ಏಳುವಾಗ ಅವರನ್ನು ದೋಣಿಯಲ್ಲಿ ಕಳಿಸಿದ್ದು ನನಗೆ ಇವತ್ತಿಗೂ ಒಪ್ಪಿಗೆಯಿಲ್ಲ. ಒಂದು ಶಾಟ್‌ಗಾಗಿ ಯಾರ ಜೀವವನ್ನೂ ಪಣಕ್ಕಿಡಬಾರದು.

ಆದರೆ ಮಣ್ಣಿನ ಮಾತು ಸುಳ್ಳಲ್ಲ. ಕಿಲ್ಮರ್ವಿ ಕಡೆಗೆ ಹೋಗುವಾಗ ಎರಡೂ ಬದಿಗೆ ಗೋಡೆಗಳು. ಗಾರೆಯಿಲ್ಲ, ಸುಮ್ನೆ ಕಲ್ಲಿನ ಮೇಲೆ ಕಲ್ಲು ಪೇರಿಸಿದ್ದಾರೆ, ಸಂದುಗಳಲ್ಲಿ ಗಾಳಿ ಸಿಳ್ಳೆ ಹಾಕುತ್ತದೆ. ಗೋಡೆಯೊಳಗೆ ನಮ್ಮ ಕಣದಷ್ಟೇ ಚಿಕ್ಕ ಹೊಲಗಳು. ಎಷ್ಟು ತಲೆಮಾರು ಮರಳು, ಪಾಚಿ ಹೊತ್ತರೋ! ಚಿತ್ರಕ್ಕೆಂದು ಕಟ್ಟಿದ ಹುಲ್ಲುಮಾಡಿನ ಮನೆಯೂ ಈ ಕಡೆಯೇ ಇದೆ.

ಈ ಚಿತ್ರ ಆದ ಮೇಲೆ ಫ್ಲಾಹರ್ಟಿ ಬಂದಿದ್ದು ನಮ್ಮ ಮೈಸೂರಿಗೇ ಅಲ್ವಾ! ಕಾರಾಪುರದ ಮಾವುತನ ಮಗ ಸಾಬು 'ಎಲಿಫೆಂಟ್ ಬಾಯ್' ಮೂಲಕ ಜಗತ್ತಿಗೆ ಪರಿಚಯವಾಗಿದ್ದು 1937ರಲ್ಲಿ. ಕಬಿನಿ ಕಡೆಯ ಕಪ್ಪು ಮಣ್ಣು, ಕಾಡು ನೋಡಿದಾಗ, ಇಲ್ಲಿಂದ ಹೋದ ಆ ಮನುಷ್ಯನಿಗೆ ಏನನ್ನಿಸಿತೋ ಅಂತ ಗೋಡೆ ಪಕ್ಕ ಕೂತು ತುಂಬಾ ಹೊತ್ತು ಯೋಚಿಸಿದೆ.

ಏಳುವ ಮೊದಲು ಹೊಲದ ಅಂಚಿನಲ್ಲಿ ಬೆರಳಿಟ್ಟು ನೋಡಿದೆ. ಒಂದು ಗೇಣೂ ಇಳಿಯಲಿಲ್ಲ, ಕಲ್ಲು ಸಿಕ್ಕಿತು.