ನಾಲ್ಕನೇ ಸಂಪುಟದಿಂದ ಮುಂದಕ್ಕೆ

ಇವತ್ತು ಬಸ್ಸಲ್ಲಿ ಸೀಟು ಸಿಕ್ಕಿದ್ದೇ ತಡ, ಫೋನಲ್ಲಿ ‘ನೋ ಗೇಮ್ ನೋ ಲೈಫ್’ ಲೈಟ್ ನಾವೆಲ್ (ಚಿತ್ರಗಳಿರುವ ಜಪಾನಿ ಕಾದಂಬರಿ ಸರಣಿ) ತೆರೆದೆ. ಎಲ್ಲ ಜಗಳವನ್ನೂ ಆಟದಲ್ಲೇ ತೀರಿಸುವ ಲೋಕಕ್ಕೆ ಹೋದ ಸೋರಾ, ಶಿರೋ ಎಂಬ ಅಣ್ಣ-ತಂಗಿಯ ಕತೆ. ನೇರವಾಗಿ ನಾಲ್ಕನೇ ಸಂಪುಟ. ಇದರ 2014ರ ಆನಿಮೆ (ಜಪಾನಿ ಕಾರ್ಟೂನ್ ಸರಣಿ) 12 ಎಪಿಸೋಡಿಗೇ ನಿಂತುಹೋಯಿತಲ್ವಾ, ಅದು ಮೊದಲ ಮೂರು ಸಂಪುಟದ ಕತೆ. 2017ರ ಸಿನಿಮಾ ಆರನೆಯದರದ್ದು, ಅದೂ ಹಳೇ ಕಾಲದ ಯುದ್ಧದ ಕತೆ. ಎರಡನೇ ಸೀಸನ್ ವಿಷಯ ಮಾತ್ರ ಕೇಳಬೇಡಿ.

ಕೊನೆ ಎಪಿಸೋಡಿನ ನಾಣ್ಯ ನೆನಪಿದೆಯಾ? ಸೋರಾ-ಶಿರೋ ಎದುರಾಳಿ ದೇಶದ ನಾಯಕಿ ಮಿಕೋ ಜೊತೆ ಟಾಸ್ ಹಾಕುತ್ತಾರೆ. ನಾಣ್ಯ ಆ ಕಡೆಗೂ ಬೀಳಲ್ಲ, ಈ ಕಡೆಗೂ ಬೀಳಲ್ಲ. ಕಲ್ಲುಹಾಸಿನ ಸಂದಿಯಲ್ಲಿ ನೆಟ್ಟಗೆ ನಿಂತುಬಿಡುತ್ತದೆ. ಎರಡೂ ಕಡೆಯವರು ಗೆದ್ದ ಹಾಗೆ! ನನ್ನ ತಲೆಯಲ್ಲಿ ಕತೆಯೂ ಇಷ್ಟು ವರ್ಷ ಹಾಗೇ ನಿಂತಿತ್ತು.

ಈಗ ನಾಲ್ಕನೇ ಸಂಪುಟದಲ್ಲಿ ರಕ್ತ ಹೀರುವ ಕುಲದ ಪ್ಲಮ್ ಬಂದು ಸಹಾಯ ಕೇಳುತ್ತಿದ್ದಾಳೆ, ನಿದ್ದೆಯಿಂದ ಏಳದ ರಾಣಿಯೊಬ್ಬಳನ್ನು ಎಬ್ಬಿಸಬೇಕಂತೆ.

ಮಜಾ ಏನಂದ್ರೆ, ತೆರೆ ಮೇಲೆ ಸೋರಾ ಸುಮ್ನೆ ಒಂದು ನಗು ನಕ್ಕರೆ ಮುಗೀತು. ಪುಸ್ತಕದಲ್ಲಿ ಆ ನಗುವಿನ ಹಿಂದಿನ ಲೆಕ್ಕಾಚಾರವೇ ಜಾಸ್ತಿ. ಓದುವಾಗ ಸೋರಾನ ಮಾತೆಲ್ಲ ಆನಿಮೆಯಲ್ಲಿ ಅವನಿಗೆ ದನಿ ಕೊಟ್ಟ ಮಾತ್ಸುಓಕಾ ದನಿಯಲ್ಲೇ ಕೇಳಿಸುತ್ತದೆ, ಶಿರೋ ಬಾಯಿ ಬಿಟ್ಟರೆ ಅವಳ ದನಿಯಾದ ಕಯಾನೋ. ಆನಿಮೆಯ ಆ ಗುಲಾಬಿ-ನೇರಳೆ ಆಕಾಶವನ್ನೂ ಮನಸ್ಸೇ ಬಳಿದುಕೊಳ್ಳುತ್ತದೆ. ಚಿತ್ರಗಳನ್ನೂ ಲೇಖಕ ಯೂ ಕಾಮಿಯಾ ಅವರೇ ಬರೆದಿರುವುದರಿಂದ ಮುಖಗಳೂ ಹೊಸವು ಅನಿಸಲ್ಲ. ಆನಿಮೆ ನೋಡದೆ ಓದಿದ್ದರೆ ಇಷ್ಟು ಸಲೀಸಾಗಿ ಒಳಗೆ ಹೋಗುತ್ತಿದ್ದೆನಾ? ಡೌಟು.

ಪಾಪ, ಅಣ್ಣ-ತಂಗಿಯ ಜೊತೆಗಿರುವ ಸ್ಟೆಫ್‌ಗೆ ಮಾತ್ರ ಇಲ್ಲೂ ಗೋಳು ತಪ್ಪಿಲ್ಲ.

ಮುಂದೆ ಓದಿರೋರು ಇದ್ದರೆ ದಯವಿಟ್ಟು ಬಾಯಿ ಬಿಡಬೇಡಿ, ರಾಣಿ ಇನ್ನೂ ಮಲಗಿದ್ದಾಳೆ.