ಬ್ರೆಡ್ ಬಟ್ಟಲಿನಲ್ಲಿ ಸಬ್ಬಸಿಗೆ ಸೊಪ್ಪಿನ ಡಿಪ್

ಬ್ರೆಡ್ಡನ್ನೇ ಬಟ್ಟಲು ಮಾಡಿ ಅದರಲ್ಲಿ ಡಿಪ್ ಬಡಿಸುವುದು ನೋಡಲು ಸೊಗಸಾಗಿದ್ದರೂ ಅದರಲ್ಲಿ ಒಂದು ಮೂಲಭೂತ ತೊಡಕಿದೆ. ಒಳಗೆ ತುಂಬುವ ಪದಾರ್ಥದಲ್ಲಿ ನೀರಿನಂಶ ಇದ್ದೇ ಇರುತ್ತದೆ, ಅದನ್ನು ಹಿಡಿದಿಡಬೇಕಾದ ಬ್ರೆಡ್ಡಿಗೋ ನೀರನ್ನು ಹೀರಿಕೊಳ್ಳುವುದೇ ಸ್ವಭಾವ. ಪಾಕವಿಧಾನ ಬರೆಯುವವರಲ್ಲಿ ಬಹಳ ಮಂದಿ ಸೊಪ್ಪಿನ ಅಳತೆಗೆ ಕೊಡುವ ಗಮನವನ್ನು ಇದಕ್ಕೆ ಕೊಡುವುದಿಲ್ಲ. ಉಪ್ಪು ಹುಳಿ ಕಡಿಮೆಯಾದರೆ ಬಡಿಸುವ ಗಳಿಗೆಯಲ್ಲೂ ಸರಿಪಡಿಸಿಕೊಳ್ಳಬಹುದು, ಆದರೆ ತಳ ನೆನೆದು ಕುಸಿದ ಬ್ರೆಡ್ಡಿಗೆ ಯಾವ ಮದ್ದೂ ಇಲ್ಲ.

ಡಿಪ್‌ಗೆ ಸಾಮಾನ್ಯವಾಗಿ ಸೋರ್ ಕ್ರೀಮ್ ಮತ್ತು ಮೇಯನೇಸ್ ಎರಡನ್ನೂ ಸಮಪ್ರಮಾಣದಲ್ಲಿ ಬೆರೆಸುತ್ತಾರೆ. ಆ ಪ್ರಮಾಣದಲ್ಲಿ ಎಣ್ಣೆಯ ಜಿಡ್ಡು ನಾಲಗೆಯ ಮೇಲೆ ಉಳಿದು ಸೊಪ್ಪಿನ ಪರಿಮಳವನ್ನು ಮುಚ್ಚಿಬಿಡುತ್ತದೆಂದು ನನ್ನ ಅಭಿಪ್ರಾಯ. ಹೀಗಾಗಿ ಒಂದು ಕಪ್ ಸೋರ್ ಕ್ರೀಮ್‌ಗೆ ಅರ್ಧ ಕಪ್ ಮೇಯನೇಸ್ ಸಾಕೆಂದುಕೊಳ್ಳುತ್ತೇನೆ. ಸೋರ್ ಕ್ರೀಮ್ ಇಲ್ಲದಿದ್ದರೆ ಕೆನೆಭರಿತ ಗಟ್ಟಿ ಮೊಸರು ಅಷ್ಟೇ ಚೆನ್ನಾಗಿ ಒದಗುತ್ತದೆ, ಆದರೆ ಅದನ್ನು ಪಾತ್ರೆಯಿಂದ ನೇರವಾಗಿ ಬಳಸುವಂತಿಲ್ಲ. ಸುಮಾರು 500 ಗ್ರಾಂ ಮೊಸರನ್ನು ತೆಳುವಾದ ಹತ್ತಿ ಬಟ್ಟೆಯಲ್ಲಿ ಕಟ್ಟಿ, ಜರಡಿಯ ಮೇಲಿಟ್ಟು, ಕೆಳಗೊಂದು ಪಾತ್ರೆ ಇರಿಸಿ ರಾತ್ರಿಯಿಡೀ ಫ್ರಿಜ್‌ನಲ್ಲಿ ಬಿಟ್ಟರೆ ತಿಳಿನೀರೆಲ್ಲ ಇಳಿದು, ಚಮಚದಲ್ಲಿ ಎತ್ತಿ ತಲೆಕೆಳಗು ಮಾಡಿದರೂ ಬೀಳದಷ್ಟು ಗಟ್ಟಿಯಾದ ಮೊಸರು ಬಟ್ಟೆಯಲ್ಲಿ ಉಳಿಯುತ್ತದೆ. ಈ ಹದಕ್ಕೆ ಬರುವವರೆಗೆ ಮುಂದಿನ ಕೆಲಸಕ್ಕೆ ಕೈಹಾಕಬಾರದು.

ಸೊಪ್ಪುಗಳ ಪೈಕಿ ಸಬ್ಬಸಿಗೆಯೇ ಮುಖ್ಯ, ಪಾರ್ಸ್ಲಿ ಮತ್ತು ಎಳೆಯ ಈರುಳ್ಳಿ ಸೊಪ್ಪು ಅದಕ್ಕೆ ಬೆಂಬಲ. ಹೆಚ್ಚಿದ ಸಬ್ಬಸಿಗೆ ಮೂರು ದೊಡ್ಡ ಚಮಚ, ಉಳಿದೆರಡು ಎರಡೆರಡು ಚಮಚ ಇದ್ದರೆ ಮೇಲೆ ಹೇಳಿದ ಅಳತೆಗೆ ಹೊಂದುತ್ತದೆ. ಒಣಗಿಸಿದ ಸೊಪ್ಪು ಬಳಸುವವರು ಇದರ ಮೂರನೇ ಒಂದು ಭಾಗವನ್ನಷ್ಟೇ ಹಾಕಬೇಕು. ತೊಳೆದ ಸೊಪ್ಪನ್ನು ಒಣ ಬಟ್ಟೆಯ ಮೇಲೆ ಹರಡಿ, ಎಲೆಗಳ ನಡುವಿನ ತೇವ ಪೂರ್ತಿ ಆರುವವರೆಗೆ ಕಾಯುವುದು ಬೇಸರದ ಕೆಲಸವೆನಿಸಿದರೂ ಬಿಡುವಂತಿಲ್ಲ, ಏಕೆಂದರೆ ಒದ್ದೆ ಸೊಪ್ಪಿನೊಂದಿಗೆ ಬರುವ ನೀರು ರಾತ್ರಿಯಿಡೀ ಸೋಸಿದ ಶ್ರಮವನ್ನು ಹಾಳುಮಾಡುತ್ತದೆ. ಚಾಕು ಹರಿತವಾಗಿರಬೇಕು. ಮೊಂಡು ಚಾಕು ಸಬ್ಬಸಿಗೆಯನ್ನು ಕತ್ತರಿಸುವ ಬದಲು ಜಜ್ಜುತ್ತದೆ, ಆಗ ಅದರ ರಸ ಮತ್ತು ಪರಿಮಳ ಎರಡೂ ಡಿಪ್‌ಗೆ ಸೇರುವ ಮೊದಲೇ ಹಲಗೆಯ ಪಾಲಾಗುತ್ತವೆ. ದಪ್ಪ ದಂಟನ್ನು ಸೇರಿಸುವುದು ಬೇಡ.

ಹಸಿ ಬೆಳ್ಳುಳ್ಳಿಯ ವಿಷಯದಲ್ಲಿ ಎಚ್ಚರ ಅಗತ್ಯ. ಬೆಳ್ಳುಳ್ಳಿಯನ್ನು ಜಜ್ಜಿದೊಡನೆ ಅದರ ಕೋಶಗಳು ಒಡೆದು, ಬೇರೆಬೇರೆಯಾಗಿದ್ದ ಕಿಣ್ವವೂ ಅಲಿಯಿನ್ ಎಂಬ ಪದಾರ್ಥವೂ ಸೇರಿ ಅಲಿಸಿನ್ ಉಂಟಾಗುತ್ತದೆ, ಗಂಟಲಿಗೆ ಹತ್ತುವ ಘಾಟು ಇದರದೇ. ಒಂದು ಎಸಳನ್ನು ನುಣ್ಣಗೆ ಹೆಚ್ಚಿದ ಕೂಡಲೇ ಒಂದು ದೊಡ್ಡ ಚಮಚ ನಿಂಬೆರಸದಲ್ಲಿ ಹತ್ತು ನಿಮಿಷ ನೆನೆಸಿಟ್ಟರೆ ಹುಳಿಯು ಆ ಕಿಣ್ವದ ಕೆಲಸವನ್ನು ತಗ್ಗಿಸುತ್ತದೆ, ಬೆಳ್ಳುಳ್ಳಿಯ ರುಚಿ ಉಳಿದು ಘಾಟು ಮಾತ್ರ ಇಳಿಯುತ್ತದೆ. ಅದನ್ನು ನಿಂಬೆರಸದ ಸಮೇತ ಡಿಪ್‌ಗೆ ಸೇರಿಸಿ, ಅರ್ಧ ಚಿಕ್ಕ ಚಮಚ ಕಾಳುಮೆಣಸಿನ ಪುಡಿ ಹಾಕಿ ಕಲಸಬೇಕು. ಉಪ್ಪನ್ನು ಈ ಹಂತದಲ್ಲಿ ಚಿಟಿಕೆಯಷ್ಟೇ ಹಾಕಿ, ಉಳಿದದ್ದನ್ನು ಬಡಿಸುವ ಮುನ್ನ ರುಚಿ ನೋಡಿ ಸೇರಿಸುವುದು ಒಳ್ಳೆಯದು, ಏಕೆಂದರೆ ಉಪ್ಪು ಸೊಪ್ಪಿನೊಳಗಿನ ನೀರನ್ನು ಹೊರಗೆಳೆಯುತ್ತದೆ. ಮುಚ್ಚಿಟ್ಟ ಡಿಪ್ ಕನಿಷ್ಠ ಎರಡು ಗಂಟೆ, ಸಾಧ್ಯವಾದರೆ ಅರ್ಧ ದಿನ ಫ್ರಿಜ್‌ನಲ್ಲಿರಲಿ. ಸೊಪ್ಪಿನ ಸುವಾಸನೆಯ ತೈಲಗಳು ಜಿಡ್ಡಿನಲ್ಲಿ ಕರಗುವಂಥವಾದ್ದರಿಂದ ಅವು ಕೆನೆಯೊಳಗೆ ಹರಡಲು ಸಮಯ ಬೇಕು. ಕಲಸಿದ ತಕ್ಷಣ ರುಚಿ ನೋಡಿ ಸಪ್ಪೆಯಾಯಿತೆಂದು ಮತ್ತಷ್ಟು ಸೊಪ್ಪು ಸುರಿಯುವ ಆತುರ ಬೇಡ.

ಬಟ್ಟಲಿಗೆ ಸುಮಾರು 20 ಸೆಂಟಿಮೀಟರ್ ಅಗಲದ, ಗಟ್ಟಿ ಹೊರಪದರವಿರುವ ದುಂಡು ಬ್ರೆಡ್ ಬೇಕು. ಹುಳಿಹಿಟ್ಟಿನ ಬ್ರೆಡ್ ಆದರೂ ಸರಿ, ರೈ ಬ್ರೆಡ್ ಆದರೂ ಸರಿ. ಮೆತ್ತನೆಯ ಸಿಹಿ ಬ್ರೆಡ್ ಇದಕ್ಕೆ ಖಂಡಿತ ಸಲ್ಲದು. ಅಂದೇ ಬೇಯಿಸಿದ್ದಕ್ಕಿಂತ ಹಿಂದಿನ ದಿನದ್ದು ಮೇಲು, ಏಕೆಂದರೆ ಅದರ ತಿರುಳು ಬಿಗಿಯಾಗಿದ್ದು ಕತ್ತರಿಸುವಾಗ ಅದುಮಿ ಮುದ್ದೆಯಾಗುವುದಿಲ್ಲ. ಹಲ್ಲಿನ ಚಾಕುವನ್ನು ಒಳಮುಖವಾಗಿ ಓರೆಯಾಗಿ ಹಿಡಿದು, ಒತ್ತದೆ, ಹಿಂದಕ್ಕೂ ಮುಂದಕ್ಕೂ ಎಳೆಯುತ್ತ ಬ್ರೆಡ್ಡನ್ನು ನಿಧಾನವಾಗಿ ತಿರುಗಿಸಿದರೆ ಮೇಲ್ಭಾಗವು ಮುಚ್ಚಳದಂತೆ ಇಡಿಯಾಗಿ ಕಳಚಿಕೊಳ್ಳುತ್ತದೆ. ಮುಂದಿನದನ್ನು ಚಾಕುವಿಗಿಂತ ಬೆರಳುಗಳಿಗೇ ಒಪ್ಪಿಸುವುದು ಲೇಸು. ಸುತ್ತ ಎರಡು ಸೆಂಟಿಮೀಟರ್ ಗೋಡೆ, ತಳದಲ್ಲಿ ಅದಕ್ಕಿಂತ ತುಸು ಹೆಚ್ಚು ಉಳಿಸಿ ತಿರುಳನ್ನು ತುಂಡುತುಂಡಾಗಿ ಕಿತ್ತು ತೆಗೆಯುತ್ತ ಹೋದಂತೆ, ಗೋಡೆ ಎಲ್ಲಿ ತೆಳುವಾಗುತ್ತಿದೆ ಎಂಬುದು ಬೆರಳಿಗೆ ತಾನಾಗಿ ತಿಳಿಯುತ್ತದೆ. ಎಲ್ಲಾದರೂ ತೂತಾದರೆ ಅಲ್ಲಿಗೆ ಒಂದಿಷ್ಟು ತಿರುಳನ್ನು ಒತ್ತಿ ಕೂರಿಸಬಹುದು.

ಟೊಳ್ಳು ಮಾಡಿದ ಬ್ರೆಡ್ಡಿನ ಒಳಮೈಗೆ ಕರಗಿಸಿದ ಬೆಣ್ಣೆಯನ್ನು ತೆಳುವಾಗಿ ಸವರಿ, 180 ಡಿಗ್ರಿ ಸೆಲ್ಸಿಯಸ್‌ಗೆ ಕಾಯಿಸಿದ ಓವನ್‌ನಲ್ಲಿ ಹತ್ತು ನಿಮಿಷ ಇಟ್ಟರೆ ಒಳಭಾಗ ಹೊಂಬಣ್ಣಕ್ಕೆ ತಿರುಗಿ ಗರಿಗರಿಯಾಗುತ್ತದೆ. ಬೆಣ್ಣೆಯ ಜಿಡ್ಡು ನೀರನ್ನು ಪೂರ್ತಿ ತಡೆಯದಿದ್ದರೂ ಅದು ಇಳಿಯುವ ವೇಗವನ್ನು ಕಡಿಮೆ ಮಾಡುತ್ತದೆ, ಮತ್ತು ನಮಗೆ ಬೇಕಿರುವುದು ಊಟದ ಹೊತ್ತಿನಷ್ಟು ಕಾಲಾವಕಾಶ ಮಾತ್ರ. ಅದೇ ಕಾವಿನಲ್ಲಿ ತಿರುಳಿನ ತುಂಡುಗಳನ್ನೂ ಹುರಿದಿಟ್ಟುಕೊಂಡರೆ ಅದ್ದಿ ತಿನ್ನಲು ಬೇರೇನೂ ಬೇಕಾಗುವುದಿಲ್ಲ. ಹಸಿ ತರಕಾರಿ ಇಡುವವರು ಕ್ಯಾರೆಟ್ ಇಡಬಹುದು. ಸೌತೆಕಾಯಿ ಹೆಚ್ಚಿಟ್ಟರೆ ಅದೂ ನೀರು ಬಿಡುತ್ತದೆ. ಓವನ್‌ನಿಂದ ತೆಗೆದ ಬಟ್ಟಲು ಸಂಪೂರ್ಣ ತಣ್ಣಗಾಗುವವರೆಗೆ ಡಿಪ್ ತುಂಬಬಾರದು. ಬಿಸಿ ಬ್ರೆಡ್ಡಿಗೆ ತಾಗಿದ ಮೇಯನೇಸ್ ತೆಳುವಾಗಿ, ಎಣ್ಣೆ ಬಿಟ್ಟುಕೊಳ್ಳುವ ಸಂಭವವಿದೆ.

ತುಂಬುವ ಕೆಲಸ ಬಡಿಸುವ ಹೊತ್ತಿಗೇ ಆಗಬೇಕು. ಎಲ್ಲವನ್ನೂ ಒಮ್ಮೆಗೇ ಸುರಿಯದೆ, ಮುಕ್ಕಾಲು ಭಾಗ ತುಂಬಿ ಉಳಿದದ್ದನ್ನು ಫ್ರಿಜ್‌ನಲ್ಲಿಟ್ಟು ಬೇಕಾದಂತೆ ಸೇರಿಸುವುದರಿಂದ ಬ್ರೆಡ್ಡಿನ ಮೇಲಿನ ಭಾರವೂ ಕಡಿಮೆ, ಡಿಪ್ ಕೂಡ ತಂಪಾಗಿರುತ್ತದೆ. ಹೊರಗಿಟ್ಟ ಡಿಪ್ ಎರಡು ಗಂಟೆ ಮೀರಬಾರದು, ಸೆಖೆ 32 ಡಿಗ್ರಿ ದಾಟಿದ್ದರೆ ಒಂದೇ ಗಂಟೆ. ಡಿಪ್ ಅರ್ಧ ಖಾಲಿಯಾಗುವ ಹೊತ್ತಿಗೆ ಬಟ್ಟಲಿನ ಅಂಚನ್ನು ಮುರಿದು ತಿನ್ನಲು ಆರಂಭಿಸಬಹುದು. ಕೆನೆ ಹೀರಿ ಒಳಗೆ ಮೆತ್ತಗಾಗಿ ಹೊರಗೆ ಇನ್ನೂ ಗರಿಗರಿಯಾಗಿರುವ ಆ ತುಂಡುಗಳೇ ನನ್ನ ಮಟ್ಟಿಗೆ ಈ ತಿನಿಸಿನ ಅತ್ಯುತ್ತಮ ಭಾಗ. ಬಟ್ಟಲಿನಲ್ಲಿ ಮಿಕ್ಕಿದ್ದನ್ನು ತೆಗೆದಿಡುವ ಗೋಜಿಗೆ ಹೋಗಬಾರದು. ಫ್ರಿಜ್‌ನಲ್ಲೇ ಉಳಿದಿರುವ ಡಿಪ್ ಮಾತ್ರ ಮುಚ್ಚಿದ ಡಬ್ಬಿಯಲ್ಲಿ ಮೂರು ದಿನ ಕೆಡದೆ ಇರುತ್ತದೆ, ಮೇಲೆ ನಿಂತ ನೀರನ್ನು ಬಸಿದು ಒಮ್ಮೆ ಕಲಕಿಕೊಂಡರೆ ಸಾಕು.