ಲೆಕ್ಕ ನೋಡಿದವರ ಮುಖ ಹುಡುಕಿಕೊಂಡು

ಪ್ಯಾರಿಸ್‌ನಲ್ಲಿ ಇಳಿದ ಮರುದಿನ ಬೆಳಿಗ್ಗೆಯೇ ರೊಬೇರ್ ಎಸ್ತಿಯೆನ್ ಎಂಬ ಪುಟ್ಟ ಬೀದಿಯನ್ನು ಹುಡುಕಿಕೊಂಡು ಹೊರಟೆ. ಶಾಂಜೆಲಿಜೆ ಎಂಬ ಹೆಸರಾಂತ ರಾಜಬೀದಿಯ ಜನಜಂಗುಳಿ ಅಲ್ಲಿಂದ ನಾಲ್ಕು ಹೆಜ್ಜೆ. ಇಲ್ಲಿನ ಐದನೇ ನಂಬರಿನಲ್ಲಿ ಫ್ರೆಂಚ್ ಸಿನಿಮಾ ನಿರ್ದೇಶಕ ಫ್ರಾನ್ಸ್ವಾ ತ್ರುಫೋ ಅವರ ‘ಲೆ ಫಿಲ್ಮ್ ದ್ಯು ಕರೋಸ್’ ಎಂಬ ಚಿತ್ರ ನಿರ್ಮಾಣ ಸಂಸ್ಥೆಯ ಕಚೇರಿ ಇತ್ತು. ಆದರೆ ನನ್ನನ್ನು ಎಳೆದು ತಂದವರು ತ್ರುಫೋ ಅಲ್ಲ. ಅವರ ಸಂಸ್ಥೆಯ ಲೆಕ್ಕ ನೋಡಿಕೊಂಡ ಮಾರ್ಸೆಲ್ ಬೆರ್ಬೆರ್.

ಬೆರ್ಬೆರ್ ಮೊದಲು ತ್ರುಫೋ ಅವರ ಮಾವ, ಚಿತ್ರ ವಿತರಕ ಇಗ್ನಾಸ್ ಮೋರ್ಗೆನ್‌ಸ್ಟೆರ್ನ್ ಅವರ ಬಳಿ ಕೆಲಸಕ್ಕಿದ್ದರು. ಅಳಿಯ ಸ್ವಂತ ಸಂಸ್ಥೆ ಕಟ್ಟಿದ ಮೇಲೆ ಅದರ ಹಣಕಾಸು, ಚಿತ್ರೀಕರಣದ ಏರ್ಪಾಡು ಇವರ ಹೆಗಲಿಗೆ ಬಂತು. ನಾವು ಪ್ರೊಡಕ್ಷನ್ ಮ್ಯಾನೇಜರ್ ಎನ್ನುತ್ತೇವಲ್ಲ, ಆ ಕೆಲಸ. ಗಾಡಿ ಬಾರದಿದ್ದರೆ, ಊಟ ತಡವಾದರೆ, ಮಳೆ ಹಿಡಿದು ಒಂದು ದಿನ ಹಾಳಾದರೆ ಎಲ್ಲರೂ ನೋಡುವುದು ಇಂಥವರ ಮುಖವನ್ನೇ. ಎಲ್ಲವೂ ಸಾಂಗವಾಗಿ ನಡೆದ ದಿನ ಇವರ ನೆನಪೇ ಯಾರಿಗೂ ಇರುವುದಿಲ್ಲ. ನನಗೆ ಇದು ಮೊದಲಿನಿಂದಲೂ ಸಂಕಟದ ವಿಷಯ.

ತ್ರುಫೋ ಮಾತ್ರ ಮರೆಯಲಿಲ್ಲ. ತಮ್ಮ ಹಲವು ಚಿತ್ರಗಳಲ್ಲಿ ಬೆರ್ಬೆರ್ ಅವರಿಗೆ ಸಣ್ಣ ಸಣ್ಣ ಪಾತ್ರ ಕೊಟ್ಟರು. 1969ರ ‘ಮಿಸಿಸಿಪ್ಪಿ ಮರ್ಮೇಡ್’ನಲ್ಲಿ ರೆಯೂನಿಯನ್ ದ್ವೀಪದ ಸಿಗರೇಟ್ ಕಾರ್ಖಾನೆಯ ಮಾಲೀಕನ ಪಾತ್ರ ನಟ ಬೆಲ್ಮೊಂಡೊ ಅವರದು; ಆ ಮಾಲೀಕನ ವ್ಯವಹಾರದ ಜೊತೆಗಾರ ಜಾರ್ದಿನ್ ಆಗಿ ಬರುವವರು ಇವರೇ. ನಿಜ ಜೀವನದ ಕೆಲಸವೇ ಪರದೆಗೂ ಬಂದಂತೆ!

ಆ ಪಾತ್ರಗಳಲ್ಲಿ ನನಗೆ ಎಲ್ಲಕ್ಕಿಂತ ಪ್ರಿಯವಾದದ್ದು 1973ರ ‘ಡೇ ಫಾರ್ ನೈಟ್’ನದು. ಅದಕ್ಕಾಗಿಯೇ ರೈಲು ಹತ್ತಿ ದಕ್ಷಿಣ ಫ್ರಾನ್ಸಿನ ನೀಸ್‌ಗೆ ಬಂದೆ. ಊರಿನ ಪಶ್ಚಿಮಕ್ಕೆ, ವಿಮಾನ ನಿಲ್ದಾಣದ ಹತ್ತಿರ, ವಿಕ್ಟೋರಿನ್ ಸ್ಟುಡಿಯೋ. ಆ ಚಿತ್ರ ಇಲ್ಲಿಯೇ ತಯಾರಾಯಿತು. ಬೇರೊಂದು ಚಿತ್ರಕ್ಕೆಂದು ಕಟ್ಟಿ ಬಿಟ್ಟುಹೋಗಿದ್ದ ಪ್ಯಾರಿಸ್ ಚೌಕದ ಸೆಟ್ಟನ್ನು ತ್ರುಫೋ ಬಳಸಿಕೊಂಡರು. ಕಥೆಯೂ ಸಿನಿಮಾ ತಯಾರಿಕೆಯದೇ. ನಡುವೆ ಮುಖ್ಯ ನಟನೊಬ್ಬ ತೀರಿಕೊಳ್ಳುತ್ತಾನೆ, ವಿಮೆ ಕಂಪನಿಯ ಇಬ್ಬರು ಬರುತ್ತಾರೆ. ಇಬ್ಬರಲ್ಲಿ ಇಂಗ್ಲಿಷ್‌ನವರಾಗಿ ಕಾಣಿಸಿಕೊಂಡವರು ಕಾದಂಬರಿಕಾರ ಗ್ರಹಾಂ ಗ್ರೀನ್, ಅದೂ ಬೇರೆ ಹೆಸರಿನಲ್ಲಿ. ಈ ದೃಶ್ಯದ ಪ್ರಸ್ತಾಪ ಬಂದಾಗಲೆಲ್ಲ ಗ್ರೀನ್ ಅವರ ಬಗ್ಗೆಯೇ ಮಾತು. ಪಕ್ಕದ ಫ್ರೆಂಚ್ ವಿಮೆಯವರು ನಮ್ಮ ಬೆರ್ಬೆರ್. ಬೇರೆ ನಟನನ್ನು ಹಾಕಿ ಮತ್ತೆ ಚಿತ್ರೀಕರಿಸಲು ದುಡ್ಡಿಲ್ಲ, ಇರುವುದರಲ್ಲೇ ಮುಗಿಸಿ ಎಂಬ ತೀರ್ಮಾನ ಹೊತ್ತು ಬಂದವರಲ್ಲಿ ಅವರೂ ಒಬ್ಬರು. ಎದುರಿಗೆ ನಿರ್ದೇಶಕನ ಪಾತ್ರದಲ್ಲಿ ಸ್ವತಃ ತ್ರುಫೋ. ಕಚೇರಿಯಲ್ಲಿ ಇಬ್ಬರ ನಡುವೆ ಇಂಥ ಮಾತು ಎಷ್ಟು ಸಲ ನಡೆದಿರಬಹುದು!

ಸ್ಟುಡಿಯೋದ ಗೇಟು ಮುಚ್ಚಿತ್ತು. ಯಾರನ್ನು ನೋಡಬೇಕು ಎಂದು ಕಾವಲಿನ ಹಿರಿಯರು ಕೇಳಿದರು. ನನ್ನ ಹರುಕುಮುರುಕು ಫ್ರೆಂಚಿನಲ್ಲಿ ಬೆರ್ಬೆರ್ ಹೆಸರು ಹೇಳಿದೆ. ಅವರು ತಲೆಯಾಡಿಸಿದರು, ಗೊತ್ತಿಲ್ಲ. ಮೊಬೈಲಿನಲ್ಲಿ ಇಳಿಸಿಕೊಂಡಿದ್ದ ದೃಶ್ಯವನ್ನು ಹಚ್ಚಿ ಮುಂದೆ ಹಿಡಿದೆ. ಬಿಸಿಲಿಗೆ ಪರದೆ ಕಾಣುತ್ತಿರಲಿಲ್ಲ. ಅವರು ತಮ್ಮ ಟೋಪಿ ತೆಗೆದು ಮೊಬೈಲಿಗೆ ನೆರಳು ಹಿಡಿದರು. ತಲೆಯ ಮೇಲೆ ವಿಮಾನವೊಂದು ಇಳಿಯುತ್ತಿದ್ದ ಗದ್ದಲಕ್ಕೆ ಮಾತುಗಳು ಮುಳುಗಿಹೋದವು.

“ಇನ್ನೊಮ್ಮೆ ಹಾಕಿ” ಎಂದರು.